ಬಿಂದಿಗೆಯಲ್ಲಿ ಬಂದ ಮೀಸೆಯವರು

ಮಳೆಗಾಲದಲ್ಲಿ ನಮ್ಮ ಹಾಸನದ ಮನೆಯ ಬಾಗಿಲಿಗೆ ಒಂದು ಗೋಣಿಚೀಲ ಹಾಸಿರುತ್ತೇವೆ. ಸಂಜೆಯ ಹೊತ್ತಿಗೆ ಅದು ನೆನೆದು ತೊಪ್ಪೆಯಾಗಿರುತ್ತದೆ. ಯಾರಾದರೂ ಅದನ್ನು ಕಾಲಿನಿಂದ ಆಚೆ ತಳ್ಳಿದರೆ ನೆಲದ ಮೇಲೆ ಒಂದು ಸದ್ದಾಗುತ್ತದೆ. ಒದ್ದೆಯಾದ, ಭಾರವಾದ, ಉಜ್ಜಿಕೊಂಡು ಮುಂದೆ ಮುಂದೆ ಬರುವ ಸದ್ದು. ಅಡುಗೆಮನೆಯಲ್ಲಿ ನಾನು ಏನೇ ಮಾಡುತ್ತಿರಲಿ, ಕೈ ಹಾಗೇ ನಿಂತುಬಿಡುತ್ತದೆ. "ಗೋಣಿಚೀಲಕ್ಕೆ ಹೆದರೋ ಟೀಚರ್ ನೀನೊಬ್ಬಳೇ ಅಮ್ಮ" ಎಂದು ಮಗಳು ನಗುತ್ತಾಳೆ. ನಗಲಿ. ಆ ಸದ್ದಿನ ಹಿಂದೆ ಒಂದು ತೋಟವಿದೆ, ಒಂದು ಕೊಳವಿದೆ, ನಮ್ಮ ಅಜ್ಜಿ ಇದ್ದಾಳೆ ಎಂದು ಅವಳಿಗೆ ಹೇಗೆ ಗೊತ್ತಾಗಬೇಕು?

ನಮ್ಮ ಊರು ಅರಸೀಕೆರೆ ತಾಲ್ಲೂಕಿನಲ್ಲಿ, ಕಣಕಟ್ಟೆಯಿಂದ ಒಳಕ್ಕೆ. ಮನೆಯ ಅಟ್ಟದ ಮೇಲೆ ವರ್ಷವಿಡೀ ಕೊಬ್ಬರಿ ಒಣಗುತ್ತಿತ್ತು. ಅದರ ಎಣ್ಣೆ ಎಣ್ಣೆಯಾದ ವಾಸನೆ ನಮ್ಮ ದಿಂಬಿಗೂ, ಸ್ಕೂಲ್ ಬ್ಯಾಗಿಗೂ, ತಲೆಗೂದಲಿಗೂ ಹತ್ತಿಕೊಂಡಿರುತ್ತಿತ್ತು. ಹಿತ್ತಲ ಬಾಗಿಲು ತೆಗೆದರೆ ತೆಂಗಿನ ತೋಟ, ತೋಟದ ನಡುವೆ ನಾಲ್ಕು ಕಡೆಯೂ ಕಲ್ಲಿನ ಮೆಟ್ಟಿಲಿರುವ ಕೊಳ. ಹಳೇಬೀಡಿನ ಗುಡಿ ಕಟ್ಟಿದವರ ಕಡೆಯವರೇ ಈ ಮೆಟ್ಟಿಲನ್ನೂ ಕಡೆದದ್ದು ಎಂದು ಅಜ್ಜಿ ಜಂಬ ಕೊಚ್ಚುತ್ತಿದ್ದಳು. ನಮ್ಮ ಕಡೆ ಯಾವ ಹಳೇ ಕಲ್ಲು ಕಂಡರೂ ಜನ ಹೀಗೇ ಹೇಳುವುದು, ಅದನ್ನು ನಂಬಬೇಕೆಂದೇನೂ ಇಲ್ಲ. ಆದರೆ ಆ ಕಲ್ಲು ಎಷ್ಟು ನುಣುಪಾಗಿತ್ತೆಂದರೆ ಮಧ್ಯಾಹ್ನದ ಬಿಸಿಲಿಗೆ ಬೆಚ್ಚಗಾದ ಮೆಟ್ಟಿಲ ಮೇಲೆ ಕೆನ್ನೆಯಿಟ್ಟು ಮಲಗಿದರೆ ಏಳುವ ಮನಸ್ಸೇ ಬರುತ್ತಿರಲಿಲ್ಲ. ತಳದಲ್ಲಿ ಒಂದು ಒರತೆಯಿತ್ತು. ಬೇಸಿಗೆಯಲ್ಲೂ ನೀರು ಬತ್ತುತ್ತಿರಲಿಲ್ಲ. ಆ ನೀರಿನ ತುಂಬ ಮೀನು. ನಾವು ಲಿಂಗಾಯತರು, ಮೀನು ತಿನ್ನುವವರಲ್ಲ. ತಿನ್ನದವರಿಗೆ ಹೆಸರು ಯಾಕೆ ಬೇಕು? ನಮ್ಮ ಮನೆಯಲ್ಲಿ ಎಲ್ಲ ಮೀನಿಗೂ ಒಂದೇ ಹೆಸರು, ಮೀನು. ಬೇಕಿದ್ದರೆ ಕೆಂಪು ರೆಕ್ಕೆಯದು, ಬೆಳ್ಳಿ ಹೊಟ್ಟೆಯದು, ಚುಕ್ಕೆಯದು. ಕೊನೆಯ ಮೆಟ್ಟಿಲಲ್ಲಿ ಕೂತು ಕಾಲು ಇಳಿಬಿಟ್ಟರೆ ಸಾಕು, ಬೆರಳುದ್ದದವು ಗುಂಪುಗುಂಪಾಗಿ ಬಂದು ಹಿಮ್ಮಡಿಯನ್ನು ಮೆಲ್ಲಗೆ ಕಚ್ಚುತ್ತಿದ್ದವು. ಅಜ್ಜಿಯ ಒಡೆದ ಹಿಮ್ಮಡಿ ಕಂಡರೆ ಅವಕ್ಕೆ ಬಲು ಪ್ರೀತಿ.

ಆ ಕೊಳಕ್ಕೆ ಒಂದು ಕಟ್ಟಳೆಯಿತ್ತು. ಅಜ್ಜಿಯ ಅತ್ತೆಯ ಕಾಲದಿಂದ ಬಂದದ್ದಂತೆ. ಬೇಸಿಗೆಯಲ್ಲಿ ಊರ ದೊಡ್ಡಕೆರೆ ಬತ್ತಿ ಅಲ್ಲಲ್ಲಿ ಗುಂಡಿಯಾಗಿ ನಿಂತಾಗ, ಕೆಸರಲ್ಲಿ ಸಿಕ್ಕಿ ಒದ್ದಾಡುವ ಮರಿಗಳನ್ನು ನಮ್ಮ ಮನೆಯ ಹೆಂಗಸರು ಬಿಂದಿಗೆಯಲ್ಲಿ ತಂದು ಕೊಳಕ್ಕೆ ಬಿಡುತ್ತಿದ್ದರು. ಬಿಡುವಾಗ ಎಲ್ಲಕ್ಕಿಂತ ಮೇಲಿನ ಮೆಟ್ಟಿಲಿಗೆ ಅರಿಶಿನ ಕುಂಕುಮ ಇಟ್ಟು, "ಬನ್ನಿ, ಇದು ನಿಮ್ಮದೇ ಮನೆ, ಸುಖವಾಗಿರಿ" ಎನ್ನಬೇಕು. ಹಾಗೆ ಕರೆಸಿಕೊಂಡ ಜೀವವನ್ನು ಯಾರೂ ಹಿಡಿಯುವಂತಿಲ್ಲ, ಹೊಡೆಯುವಂತಿಲ್ಲ. ದೊಡ್ಡಕೆರೆಯಲ್ಲಿ ದಿನವೂ ಬಲೆ ಬೀಸುತ್ತಿದ್ದವರು ಕೂಡ ನಮ್ಮ ಕೊಳದ ಕಡೆ ಗಾಳ ತೋರಿಸಿದವರಲ್ಲ. ಅಜ್ಜಿ ಸಂಜೆ ಲಿಂಗಪೂಜೆ ಮುಗಿಸಿ, ಹಣೆಯ ವಿಭೂತಿ ಇನ್ನೂ ಹಸಿ ಇರುವಾಗಲೇ, ರಾಗಿ ಹಿಟ್ಟಿನ ಸಣ್ಣ ಉಂಡೆಗಳನ್ನು ತಟ್ಟೆಯಲ್ಲಿಟ್ಟುಕೊಂಡು ಕೊಳಕ್ಕೆ ಇಳಿಯುತ್ತಿದ್ದಳು. ಹಿಂದೆ ನಾನು, ನನ್ನ ಲಂಗ ಹಿಡಿದುಕೊಂಡು ತಮ್ಮ ಪುಟ್ಟ. ಮೀನಿಗೆ ಹಾಕದೆ ಅಜ್ಜಿ ಉಂಡದ್ದನ್ನು ನಾನು ನೋಡಿಯೇ ಇಲ್ಲ.

ನಾನು ಐದನೇ ಕ್ಲಾಸಿನಲ್ಲಿದ್ದೆ. ತೊಂಬತ್ತರ ದಶಕ ಮುಗಿಯುತ್ತಾ ಬಂದಿತ್ತು. ಅರಸೀಕೆರೆ ಸಂತೆಗೆ ಅಜ್ಜಿಯ ಜೊತೆ ಹೋಗಿದ್ದೆ. ಹೊಸ ಹಿತ್ತಾಳೆ ಬಿಂದಿಗೆ ಕೊಂಡು, ಬಸ್ ಸ್ಟ್ಯಾಂಡಿಗೆ ಹತ್ತಿರದ ದಾರಿಯೆಂದು ಮೀನು ಮಾರುವವರ ಸಾಲಿನಲ್ಲಿ ಬಂದೆವು. ಅಜ್ಜಿ ಸೆರಗನ್ನು ಮೂಗಿಗೆ ಒತ್ತಿಕೊಂಡಿದ್ದಳು. ಸಾಲಿನ ಕೊನೆಯಲ್ಲಿ ಒಬ್ಬ ನೀಲಿ ಪ್ಲಾಸ್ಟಿಕ್ ಟಬ್ಬಿನಲ್ಲಿ ಜೀವಂತ ಮೀನು ಇಟ್ಟುಕೊಂಡಿದ್ದ. ಅಂಥವನ್ನು ನಾವು ನೋಡಿರಲಿಲ್ಲ. ಕಪ್ಪಗೆ, ಮೈ ತುಂಬ ಲೋಳೆ, ಚಪ್ಪಟೆ ತಲೆ, ಬಾಯಿಯ ಸುತ್ತ ಉದ್ದನೆಯ ಮೀಸೆ. ಟಬ್ಬಿನಲ್ಲಿ ನೀರಿಗಿಂತ ಮೀನೇ ಜಾಸ್ತಿ, ಒಂದರ ಮೇಲೊಂದು ಹೊರಳುತ್ತಿದ್ದವು. ಗಿರಾಕಿ ಬಂದಾಗ ಅವನು ಒಂದನ್ನು ಎತ್ತಿ ಕಲ್ಲಿನ ಮೇಲಿಟ್ಟು ದೊಣ್ಣೆಯಿಂದ ತಲೆಗೆ ಹೊಡೆದ. ಅದು ಸಾಯಲಿಲ್ಲ. ಮತ್ತೆ ಹೊಡೆದ. ಅಜ್ಜಿ ಶಿವ ಶಿವ ಎಂದು ಕಣ್ಣು ಮುಚ್ಚಿದಳು. ಅಷ್ಟರಲ್ಲಿ ಟಬ್ಬಿನಿಂದ ಇನ್ನೊಂದು ಹೊರಕ್ಕೆ ಜಾರಿ, ಮಣ್ಣಿನ ಮೇಲೆ ಮೊಣಕೈ ಊರಿದ ಹಾಗೆ ತೆವಳುತ್ತಾ ಬಂದು, ಅಜ್ಜಿಯ ಕಾಲಿನ ಮೇಲೆ ತಲೆಯಿಟ್ಟಿತು. ನಾನು ಕಿರುಚಿ ಹಿಂದೆ ಸರಿದೆ. ಅಜ್ಜಿ ಮಾತ್ರ ಕಂಬದ ಹಾಗೆ ನಿಂತಿದ್ದಳು. ಅವಳ ಕಣ್ಣಲ್ಲಿ ನೀರು ಬಂದಿತ್ತು.

"ಕಾಲಿಗ್ ಬಿದ್ದೈತೆ ನೋಡೇ ಶೈಲು" ಎಂದಳು. "ಕಾಲಿಗ್ ಬಿದ್ದದ್ದನ್ನ ಹೆಂಗೆ ಬಿಟ್ಟು ಹೋಗಾದು?"

ಟಬ್ಬಿನಲ್ಲಿ ಉಳಿದಿದ್ದಷ್ಟನ್ನೂ ಅಜ್ಜಿ ಕೊಂಡಳು. ಮೀನಿನವನು ನಗುತ್ತಲೇ ಹೊಸ ಬಿಂದಿಗೆಗೆ ಸುರಿದ. ಬಸ್ಸಿನಲ್ಲಿ ಬಿಂದಿಗೆ ಅಜ್ಜಿಯ ತೊಡೆಯ ಮೇಲಿತ್ತು, ಬಾಯಿಗೆ ಒದ್ದೆ ಬಟ್ಟೆ ಕಟ್ಟಿತ್ತು. ಒಳಗೆ ಢಬ್ ಢಬ್ ಎಂದು ಬಡಿತ. ಕಂಡಕ್ಟರು ಬಗ್ಗಿ ನೋಡಿ, "ಏನಜ್ಜಿ ಅದು, ಬಿಂದಿಗೇಲಿ?" ಎಂದ. "ಜೀವ ಐತೆ ಕಣಪ್ಪ. ನಿನ್ ಡ್ರೈವರ್‌ಗೆ ನಿಧಾನಕ್ಕೆ ಹೊಡಿ ಅನ್ನು" ಎಂದಳು ಅಜ್ಜಿ. ಬಸ್ಸಿಗೆ ಬಸ್ಸೇ ನಕ್ಕಿತು. ಬಟ್ಟೆಯ ಸಂದಿಯಿಂದ ಒಂದು ಮೀಸೆ ಹೊರಗೆ ಬಂದು ಅತ್ತಿತ್ತ ತಡಕಾಡುತ್ತಿದ್ದುದನ್ನು ನೋಡುತ್ತಾ ನಾನೊಬ್ಬಳು ನಗದೆ ಕೂತಿದ್ದೆ. ಅಂದೇ ಸಂಜೆ ಅಜ್ಜಿ ಮೆಟ್ಟಿಲಿಗೆ ಅರಿಶಿನ ಕುಂಕುಮ ಇಟ್ಟಳು. "ಬನ್ನಿ, ಇದು ನಿಮ್ಮದೇ ಮನೆ" ಎಂದು ಬಿಂದಿಗೆ ಬಗ್ಗಿಸಿದಳು. ಅವು ನೀರಿಗೆ ಬಿದ್ದವು, ತಳಕ್ಕೆ ಹೋದವು, ಕಾಣದಾದವು. ಅಪ್ಪಾಜಿ ತಮಾಷೆಗೆ "ಬೀಗರಿಗೆ ಮೀಸೆ ಜೋರಾಗಿದೆ" ಎಂದರು. ಆಮೇಲೆ ಅವಕ್ಕೆ ಮನೆಯಲ್ಲಿ ಮೀಸೆಯವರು ಎಂದೇ ಹೆಸರಾಯಿತು.

ಮೊದಲ ಕೆಲವು ತಿಂಗಳು ಅಜ್ಜಿಯ ಸಂಭ್ರಮ ಹೇಳತೀರದು. ಮೀಸೆಯವರು ಏನು ಹಾಕಿದರೂ ತಿನ್ನುತ್ತಿದ್ದರು. ಮುದ್ದೆ, ಅನ್ನ, ಹಸುವಿನ ಕಲಗಚ್ಚಿನ ಚರಟ. ಒಂದೊಂದೂ ಅಪ್ಪಾಜಿಯ ತೋಳಿನಷ್ಟು ದಪ್ಪಗಾದವು. ಆಗಾಗ ಮೇಲೆ ಬಂದು ಗುಳಕ್ ಎಂದು ಗಾಳಿ ನುಂಗಿ ಮತ್ತೆ ಮುಳುಗುತ್ತಿದ್ದವು. ಕಾಲು ಕಚ್ಚುವ ಪುಟ್ಟ ಮೀನುಗಳು ಮೆಟ್ಟಿಲಿಗೆ ಬರುವುದು ಯಾವಾಗ ಕಡಿಮೆಯಾಯಿತೋ ಯಾರಿಗೂ ಗೊತ್ತಾಗಲಿಲ್ಲ. ಒಂದು ಸಂಜೆ ಅಜ್ಜಿ ಕಾಲು ಇಳಿಬಿಟ್ಟು ಬಹಳ ಹೊತ್ತು ಕೂತಿದ್ದಳು. ಏನೂ ಬರಲಿಲ್ಲ. "ಯಾಕೋ ಮುನಿಸ್ಕೊಂಡವೆ" ಎಂದಳು. ಮರುದಿನವೂ ಕೂತಳು. ಕೆಂಪು ರೆಕ್ಕೆಯದು ಇಲ್ಲ, ಬೆಳ್ಳಿ ಹೊಟ್ಟೆಯದು ಇಲ್ಲ, ಚುಕ್ಕೆಯದೂ ಇಲ್ಲ. ಕೊಳದ ಮೂಲೆಯ ಜೊಂಡಿನಲ್ಲಿ ಪ್ರತಿವರ್ಷ ಮರಿ ಮಾಡುತ್ತಿದ್ದ ನೀರುಕೋಳಿ ಆ ವರ್ಷವೂ ಮರಿ ಮಾಡಿತ್ತು. ಕರಿ ಹತ್ತಿಯ ಉಂಡೆಯಂಥ ಮರಿಗಳು ತಾಯಿಯ ಹಿಂದೆ ಸಾಲಾಗಿ ತೇಲುತ್ತಿದ್ದವು. ನಾನು ಮೇಲಿನ ಮೆಟ್ಟಿಲಲ್ಲಿ ಕೂತು ಹೋಂವರ್ಕ್ ಮಾಡುತ್ತಾ ನೋಡುತ್ತಿದ್ದೆ. ಕೊನೆಯ ಮರಿ ಇದ್ದಕ್ಕಿದ್ದಂತೆ ಇಲ್ಲವಾಯಿತು. ಸದ್ದಿಲ್ಲ, ಒದ್ದಾಟವಿಲ್ಲ, ನೀರಿನ ಮೇಲೆ ಒಂದು ಸಣ್ಣ ಸುಳಿ ಅಷ್ಟೇ. ತಾಯಿ ಹಿಂತಿರುಗಿ ಕೂಗಿತು. ಅದು ಕೂಗುತ್ತಿರುವಾಗಲೇ ಇನ್ನೊಂದು ಹೋಯಿತು. ನಾನು ಪುಸ್ತಕ ಅಲ್ಲೇ ಬಿಟ್ಟು ಮನೆಗೆ ಓಡಿದೆ. ಆಮೇಲೆ ಒಬ್ಬಳೇ ಕೊಳದ ಹತ್ತಿರ ಹೋಗಲಿಲ್ಲ.

ಆದರೆ ನಿಜವಾದ ಭಯ ಹುಟ್ಟಿದ್ದು ಮುಂಗಾರಿನ ಮೊದಲ ಮಳೆ ಬಿದ್ದಾಗ. ನೀವೂ ಕೆರೆ ಕೊಳ ಇರುವ ಊರಲ್ಲಿ ಬೆಳೆದವರಾದರೆ ನಿಮಗೆ ಗೊತ್ತಿರುತ್ತದೆ, ಮೊದಲ ಮಳೆಯ ಸಂಜೆ ಕಪ್ಪೆಗಳು ಹೇಗೆ ಕೂಗುತ್ತವೆಂದು. ನಮ್ಮ ಮನೆಯಲ್ಲಿ ಒಬ್ಬರ ಮಾತು ಒಬ್ಬರಿಗೆ ಕೇಳಿಸದಷ್ಟು ಕೂಗು. ಅಪ್ಪಾಜಿ ರೇಡಿಯೋ ಆರಿಸಿಬಿಡುತ್ತಿದ್ದರು. ಆ ಸಂಜೆ ಮಳೆ ಬಂತು, ನಿಂತಿತು, ಗರಿಗಳಿಂದ ಹನಿ ತೊಟ್ಟಿಕ್ಕುವುದು ಕೇಳಿಸಿತು. ಅಷ್ಟೇ. ಅಮ್ಮ ಒಲೆಯ ಮುಂದೆ ಕೂತವಳು ಕೈ ನಿಲ್ಲಿಸಿದಳು. ಅಪ್ಪಾಜಿ ಅಜ್ಜಿಯ ಮುಖ ನೋಡಿದರು. ದಿನಾ ಮಾತಾಡುವ ಮನುಷ್ಯ ಬಾಯಿ ಬಿದ್ದು ಹೋದ ಹಾಗೆ ಇತ್ತು ಕತ್ತಲಾಗುತ್ತಿದ್ದ ತೋಟ. ಆ ವರ್ಷ ಸೊಳ್ಳೆಯ ಕಾಟ ವಿಪರೀತವಾಯಿತು. ಪುಟ್ಟನಿಗೂ ತೋಟದ ಸುತ್ತಿನ ಮನೆಗಳವರಿಗೂ ಚಳಿಜ್ವರ ಬಂತು. ಸೊಳ್ಳೆಯ ಮರಿಗಳನ್ನು ತಿನ್ನುತ್ತಿದ್ದವರು ಯಾರು, ಅವರನ್ನು ತಿಂದವರು ಯಾರು ಎಂದು ಜೋಡಿಸಿ ನೋಡುವಷ್ಟು ಬುದ್ಧಿ ನಮಗೆ ಆಗ ಇರಲಿಲ್ಲ.

ಜ್ವರ ಬಿಟ್ಟ ಮೇಲೆ ಪುಟ್ಟ ಕೊಳಕ್ಕೆ ಹೋಗಬೇಕೆಂದು ಹಟ ಹಿಡಿದ. ಮೂರು ವರ್ಷದ ಮಗು. ಅಜ್ಜಿ ಅವನನ್ನು ಕೊನೆಯ ಮೆಟ್ಟಿಲಿನ ಮೇಲೆ ತೊಡೆಯಲ್ಲಿ ಕೂರಿಸಿಕೊಂಡು, ಅವನ ಮುಷ್ಟಿಯಲ್ಲಿ ರಾಗಿ ಉಂಡೆ ಇಟ್ಟಳು. ಅವನು ಕೈಯನ್ನು ನೀರಿನ ಹತ್ತಿರ ಚಾಚಿದನಷ್ಟೇ. ಅಗಲವಾದ ಬಾಯಿಯೊಂದು ಮೇಲೆ ಬಂದು ಉಂಡೆಯ ಜೊತೆ ಅವನ ಮುಷ್ಟಿಯನ್ನೂ ಹಿಡಿದು ಎಳೆಯಿತು. ಅಜ್ಜಿ ಹಿಂದಕ್ಕೆ ಬಿದ್ದಳು, ಮಗುವನ್ನು ಬಿಡಲಿಲ್ಲ. ಕೈ ಬಿಡಿಸಿಕೊಂಡಾಗ ಮಣಿಕಟ್ಟಿನವರೆಗೆ ತುರಿಯುವ ಮಣೆಗೆ ಉಜ್ಜಿದ ಹಾಗೆ ಚರ್ಮ ಹೋಗಿ ರಕ್ತ ಜಿನುಗುತ್ತಿತ್ತು. ಪುಟ್ಟ ಅಳಲೂ ಇಲ್ಲ. ಬಾಯಿ ತೆರೆದುಕೊಂಡು ನೀರನ್ನೇ ನೋಡುತ್ತಿದ್ದ. ನೀರಿನಲ್ಲಿ ಆ ಹೊತ್ತಿಗೆ ಇನ್ನೂ ನಾಲ್ಕಾರು ಮೀಸೆಗಳು ಮೇಲೆದ್ದು ಮೆಟ್ಟಿಲಿನ ಅಂಚನ್ನು ತಡವುತ್ತಿದ್ದವು.

ಅಪ್ಪಾಜಿ ಅಂದೇ ರಂಗಪ್ಪನನ್ನು ಕರೆಸಿದರು. ರಂಗಪ್ಪ ನಮ್ಮ ಪಕ್ಕದ ತೋಟದವನು, ದೊಡ್ಡಕೆರೆಯಲ್ಲಿ ಬಲೆ ಬೀಸುವುದರಲ್ಲಿ ಎತ್ತಿದ ಕೈ. ಅವನು ಕೊಳದಲ್ಲಿ ಇಣುಕಿ ನೋಡಿದ. "ಇದು ಯಾವ ಸೀಮೆ ಮೀನೋ ನಂಗೂ ಗೊತ್ತಿಲ್ಲ ಕಣ್ರೀ" ಎಂದ. ಆಮೇಲೆ ಅವನ ಕಣ್ಣು ಮೆಟ್ಟಿಲಿನ ಮೇಲಿನ ಕುಂಕುಮದ ಕಡೆ ಹೋಯಿತು. ಎರಡು ಹೆಜ್ಜೆ ಹಿಂದೆ ಬಂದು ಅಜ್ಜಿಯ ಕಡೆ ತಿರುಗಿದ.

"ಗೌರಕ್ಕ, ಅರಿಶಿನ ಕುಂಕುಮ ಇಟ್ಟು ಕರ್ದಿರೋರು ನೀವು. ನಮ್ಮಪ್ಪನೂ ಈ ಕೊಳಕ್ಕೆ ಕೈ ಹಾಕ್ದೋನಲ್ಲ. ನಾನ್ ಹೆಂಗೆ ಬಲೆ ಹಾಕ್ಲಿ? ನಂಗೂ ಮಕ್ಳವೆ."

ಅಜ್ಜಿ ತಲೆ ತಗ್ಗಿಸಿ ಕೂತಿದ್ದಳು. ಅಪ್ಪಾಜಿ ಎಷ್ಟು ಹೇಳಿದರೂ ಅವನು ಒಪ್ಪಲಿಲ್ಲ, ಊರಲ್ಲಿ ಬೇರೆ ಯಾರೂ ಒಪ್ಪಲಿಲ್ಲ. ಅಪ್ಪಾಜಿ ತಾವೇ ಇಳಿಯಲು ಹೊರಟರೆ ಅಜ್ಜಿ ಅವರ ಕೈ ಹಿಡಿದುಕೊಂಡಳು. ಮನೆಗೆ ಕರೆದವರನ್ನು ಕೊಂದ ಪಾಪ ಮಗನ ತಲೆಗೆ ಬರುತ್ತದೆಂದು ಅವಳ ಹೆದರಿಕೆ. ಕೊಳದ ಬಾಯಿಗೆ ಮುಳ್ಳು ಹಾಕಿದೆವು. ಅಜ್ಜಿ ಸಂಜೆಯ ಉಂಡೆಯನ್ನು ಮಾತ್ರ ನಿಲ್ಲಿಸಲಿಲ್ಲ, ದೂರದಿಂದ ಎಸೆದು ಬರುತ್ತಿದ್ದಳು. ಹಸಿದರೆ ಅವು ಇನ್ನೇನು ಮಾಡುತ್ತವೋ ಎಂದು ಅವಳಿಗೂ ಭಯ ಹತ್ತಿತ್ತು. ಪ್ರೀತಿಯಿಂದ ಹಾಕುತ್ತಿದ್ದ ತುತ್ತನ್ನು ಅವಳು ಹೆದರಿ ಹಾಕುವುದನ್ನು ನೋಡಿ ನನಗೆ ಅಳು ಬರುತ್ತಿತ್ತು.

ಹಿಂಗಾರಿನ ಮಳೆ ಜೋರಾಗಿ ಹಿಡಿದ ಒಂದು ಸಂಜೆ. ಅಪ್ಪಾಜಿ ಕೊಬ್ಬರಿ ಮಾರಲು ಅರಸೀಕೆರೆಗೆ ಹೋದವರು ಬಂದಿರಲಿಲ್ಲ. ಮಾಲೇಕಲ್ಲಿನ ಬೆಟ್ಟದ ಕಡೆಯಿಂದ ಕಪ್ಪು ಮೋಡ ಎದ್ದು, ನಮ್ಮೂರಿನಲ್ಲಿ ಬಹಳ ಕಾಲದಿಂದ ಕಾಣದಂಥ ಮಳೆ ಸುರಿಯಿತು. ಕೊಳ ತುಂಬಿ, ಒಂದು ಮೂಲೆಯ ಕಾಲುವೆಯಿಂದ ನೀರು ಹರಿಯತೊಡಗಿತು. ಆ ಕಾಲುವೆ ತೋಟ ದಾಟಿ ನೇರ ದೊಡ್ಡಕೆರೆಗೆ ಸೇರುತ್ತದೆ. ದನಕ್ಕೆ ಹುಲ್ಲು ಹಾಕಿ ಬರುತ್ತೇನೆಂದು ಹಿತ್ತಲಿಗೆ ಹೋದ ನನಗೆ ಆ ಸದ್ದು ಕೇಳಿಸಿತು. ಒದ್ದೆ ಗೋಣಿಚೀಲ ಎಳೆಯುವ ಸದ್ದು. ಒಂದಲ್ಲ, ಹಲವು. ತೆಂಗಿನ ಪಾತಿಯ ಕೆಸರಿನ ಮೇಲೆ, ಮುಳ್ಳಿನ ಸಂದಿಯಲ್ಲಿ ನುಸುಳಿ, ಅವು ಬರುತ್ತಿದ್ದವು. ನೀರಿಲ್ಲದ ಕಡೆ, ನೆಲದ ಮೇಲೆ. ಎಡಕ್ಕೊಮ್ಮೆ ಬಲಕ್ಕೊಮ್ಮೆ ಹೊರಳಿ, ರೆಕ್ಕೆ ಊರಿ, ನಿಂತು, ಮೀಸೆಯಿಂದ ನೆಲ ತಡವಿ, ಮತ್ತೆ ಮುಂದೆ. ದೊಡ್ಡವರ ಹಿಂದೆ ಗೇಣುದ್ದದವು. ಅವು ಕೊಳದಲ್ಲಿ ಮರಿಯನ್ನೂ ಮಾಡಿದ್ದವು. ಒಂದು ನನ್ನ ಪಾದದ ಪಕ್ಕದಲ್ಲೇ ಹೋಯಿತು, ತಣ್ಣಗೆ ಹಿಮ್ಮಡಿ ಸವರಿತು. "ಅಜ್ಜೀ" ಎಂದು ಕೂಗಿದೆ.

ಅಜ್ಜಿ ಲಾಟೀನು ಹಿಡಿದು ಬಂದಳು. ನೋಡಿದಳು. ಅವು ಯಾವ ಕಡೆ ಹೊರಟಿವೆಯೆಂದು ಅವಳಿಗೆ ಒಂದು ಕ್ಷಣದಲ್ಲಿ ಗೊತ್ತಾಯಿತು. ಲಾಟೀನನ್ನು ನನ್ನ ಕೈಗೆ ಕೊಟ್ಟು ಓಡಿಹೋಗಿ ಕಾಲುವೆಯ ಬಾಯಿಗೆ ಅಡ್ಡ ನಿಂತಳು. ಎರಡೂ ಕೈ ಮುಗಿದು, "ಹಿಂದಕ್ಕೆ ಹೋಗ್ರಪ್ಪ, ನಿಮ್ ಕಾಲಿಗ್ ಬೀಳ್ತೀನಿ. ಇಲ್ಲೇ ಇರಿ, ನಿಮಗೇ ಹಾಕ್ತೀನಿ. ಕೆರೆ ಬ್ಯಾಡ, ಕೆರೆ ಬ್ಯಾಡ" ಎಂದು ಬೇಡಿಕೊಂಡಳು. ಅವು ಅವಳ ಕಾಲಿನ ನಡುವೆ ತೂರಿ ಹೋಗತೊಡಗಿದವು. ಆಗ ಅಜ್ಜಿ ಪಕ್ಕದಲ್ಲಿ ಬಿದ್ದಿದ್ದ ತೆಂಗಿನ ಮಟ್ಟೆ ಎತ್ತಿಕೊಂಡಳು.

"ಕಣ್ ಮುಚ್ಕೊಳ್ಳೇ ಶೈಲು" ಎಂದಳು.

ನಾನು ಮುಚ್ಚಿಕೊಳ್ಳಲಿಲ್ಲ. ಇರುವೆ ತುಳಿದರೆ ನೊಂದುಕೊಳ್ಳುತ್ತಿದ್ದ ನಮ್ಮ ಅಜ್ಜಿ ಮಳೆಯಲ್ಲಿ ನಿಂತು ಹೊಡೆದಳು. ಪ್ರತಿ ಏಟಿಗೂ ಶಿವಾ ಎನ್ನುತ್ತಿದ್ದಳು. ಅವು ಒಂದು ಏಟಿಗೆ ಸಾಯುತ್ತಿರಲಿಲ್ಲ. ಹಣೆಯ ವಿಭೂತಿ ನೀರಾಗಿ ಕಣ್ಣಿಗೆ ಇಳಿಯುತ್ತಿತ್ತು. ಅಮ್ಮ ಓಡಿ ಬಂದು ಕಾಲುವೆಗೆ ಮಣ್ಣು ಎಳೆದು ಕಟ್ಟುವವರೆಗೂ ಅಜ್ಜಿ ನಿಲ್ಲಿಸಲಿಲ್ಲ. ಎಷ್ಟು ಸತ್ತವು, ಎಷ್ಟು ದಾಟಿದವು, ಆ ಮಬ್ಬಿನಲ್ಲಿ ಯಾರಿಗೂ ಗೊತ್ತಾಗಲಿಲ್ಲ.

ಮಾರನೆಯ ದಿನ ಅಜ್ಜಿಯೇ ರಂಗಪ್ಪನ ಮನೆಗೆ ಹೋಗಿ ಅವನನ್ನು ಕರೆತಂದಳು. ಬಲೆ ಹೆಗಲಿಗೆ ಹಾಕಿಕೊಂಡು ಬಂದ ರಂಗಪ್ಪ ಮೆಟ್ಟಿಲ ಹತ್ತಿರ ನಿಂತು ಅಜ್ಜಿಯ ಮುಖ ನೋಡಿದ. ಅಜ್ಜಿ ಮೆಟ್ಟಿಲ ಪಕ್ಕ ಕೂತು, ಸೆರಗಿನ ತುದಿಯನ್ನು ನೀರಿನಲ್ಲಿ ಅದ್ದಿ ಕಲ್ಲಿನ ಮೇಲಿನ ಕುಂಕುಮ ಒರೆಸಿದಳು. ಅವಳತ್ತೆ ಇಟ್ಟದ್ದು, ಅವಳು ಇಟ್ಟದ್ದು, ಎಲ್ಲ ಸೇರಿ ಕಲ್ಲಿಗೆ ಕೆಂಪು ಕಚ್ಚಿಕೊಂಡಿತ್ತು. ಬಹಳ ಹೊತ್ತು ಉಜ್ಜಬೇಕಾಯಿತು. ಎದ್ದು, "ಇನ್ ಹಾಕಪ್ಪ" ಎಂದಳು. ಮೂರು ದಿನ ಮೋಟಾರು ಇಟ್ಟು ನೀರು ಹೊಡೆದು, ಕೆಸರಿನಲ್ಲಿ ಹೂತುಕೊಂಡವನ್ನೂ ಗುದ್ದಲಿಯಿಂದ ಅಗೆದು ತೆಗೆದರು. ಮೀಸೆಯವರ ಹೊರತು ಆ ಕೊಳದಲ್ಲಿ ಒಂದೇ ಒಂದು ಜೀವ ಇರಲಿಲ್ಲ. ಬೆಳ್ಳಿ ಹೊಟ್ಟೆಯದೊಂದು ಸಿಕ್ಕೀತೆಂದು ಅಜ್ಜಿ ಒಂದು ಚೊಂಬು ನೀರು ಹಿಡಿದುಕೊಂಡು ಕೊನೆಯವರೆಗೂ ಮೆಟ್ಟಿಲಲ್ಲಿ ಕೂತಿದ್ದಳು. ಆ ಚೊಂಬಿನ ನೀರನ್ನು ಆಮೇಲೆ ತುಳಸಿಗೆ ಹಾಕಿದಳು.

ಮರುವರ್ಷ ದೊಡ್ಡಕೆರೆಯಲ್ಲಿ ರಂಗಪ್ಪನ ಬಲೆಗೆ ಮೊದಲ ಮೀಸೆ ಬಂತು. ಅವನು ನಮ್ಮ ಮನೆಗೆ ಬಂದು ಹೇಳಲಿಲ್ಲ. ಆದರೆ ಊರಲ್ಲಿ ಯಾವ ಮಾತು ಮುಚ್ಚಿಡಲು ಆಗುತ್ತದೆ? ಅದಾಗಿ ಕೆಲವು ವರ್ಷಕ್ಕೆ, ಸಣ್ಣ ಮೀನಿಗೂ ಸೀಗಡಿಗೂ ಕೆರೆಗಿಳಿಯುತ್ತಿದ್ದ ಹೆಂಗಸರು ಬರಿ ಬುಟ್ಟಿ ಹೊತ್ತು ನಮ್ಮ ಮನೆಯ ಮುಂದೆಯೇ ವಾಪಸಾಗುತ್ತಿದ್ದರು. ಅವರು ಹಾದುಹೋಗುವ ಹೊತ್ತಿಗೆ ಅಜ್ಜಿ ಜಗಲಿಯಿಂದ ಎದ್ದು ಒಳಗೆ ಹೋಗುತ್ತಿದ್ದಳು. ಯಾರೂ ಅವಳನ್ನು ಒಂದು ಮಾತು ಅನ್ನಲಿಲ್ಲ. ಅಂದಿದ್ದರೇ ಚೆನ್ನಾಗಿತ್ತೇನೋ ಎಂದು ನನಗೆ ಈಗ ಅನ್ನಿಸುತ್ತದೆ.

ಅಜ್ಜಿ ಹಾಸಿಗೆ ಹಿಡಿದಾಗ ನಾನು ತಿಪಟೂರಿನಲ್ಲಿ ಕಾಲೇಜಿಗೆ ಹೋಗುತ್ತಿದ್ದೆ. ರಜಕ್ಕೆ ಬಂದಿದ್ದೆ. ಅವಳಿಗೆ ಕಿವಿ ಮಂದವಾಗಿತ್ತು. ಆದರೂ ಮಳೆ ಶುರುವಾದದ್ದು ಹೇಗೋ ತಿಳಿಯಿತು. ಕಪ್ಪೆ ಕೂಗಿತೇ ಎಂದು ಕೇಳುತ್ತಾಳೆ, ಏನು ಹೇಳಲಿ ಎಂದು ನಾನು ಹೆದರುತ್ತಿದ್ದೆ. ಅವಳು ಅದನ್ನು ಕೇಳಲಿಲ್ಲ. ನನ್ನ ಕೈಯನ್ನು ಬಿಗಿಯಾಗಿ ಹಿಡಿದುಕೊಂಡಳು.

"ಹಿತ್ತಲ ಬಾಗ್ಲು ಹಾಕೇ. ಅವು ಬತ್ತಾವೆ."

"ಯಾವುವೂ ಬರಲ್ಲ ಅಜ್ಜಿ, ಕೊಳದಲ್ಲಿ ಏನೂ ಇಲ್ಲ" ಎಂದೆ.

"ಬತ್ತಾವೆ ಕಣೇ. ನಮ್ಮ ಬೆಳ್ಳಿ ಹೊಟ್ಟೆಯವೂ ಬತ್ತಾವೆ, ಆ ಮೀಸೆಯವೂ ಬತ್ತಾವೆ" ಎಂದಳು. ಅವಳ ಕಣ್ಣಲ್ಲಿದ್ದ ಭಯವನ್ನು ನಾನು ಅದಕ್ಕೆ ಮುಂಚೆ ಯಾವ ದೊಡ್ಡವರ ಕಣ್ಣಲ್ಲೂ ನೋಡಿರಲಿಲ್ಲ. "ಇಬ್ಬರನ್ನೂ ಬನ್ನಿ, ನಿಮ್ಮದೇ ಮನೆ ಅಂತ ಕರ್ದೋಳು ನಾನೇ. ಬಂದು ಕೇಳಿದ್ರೆ ಏನ್ ಹೇಳ್ಲಿ?"

ಎದ್ದು ಹೋಗಿ ಹಿತ್ತಲ ಬಾಗಿಲು ಹಾಕಿ, ಅಗಳಿ ಬಿಗಿದು, ಅವಳಿಗೆ ಸದ್ದು ಕೇಳಿಸಲೆಂದು ಇನ್ನೊಮ್ಮೆ ಜೋರಾಗಿ ಎಳೆದೆ. ಆ ಮಳೆಗಾಲ ಮುಗಿಯುವುದರೊಳಗೆ ಅಜ್ಜಿ ಹೋದಳು. ಮನೆಯನ್ನು ಈಗ ಯಾರೋ ಕೊಂಡಿದ್ದಾರೆ. ಕೊಳದಲ್ಲಿ ನೀರಿದೆಯಂತೆ, ಮೀನು ಇಲ್ಲವಂತೆ. ನಾನು ಹೋಗಿ ನೋಡಿಲ್ಲ. ಮಳೆ ಬಂದ ಸಂಜೆ ಮಗಳು ಗೋಣಿಚೀಲವನ್ನು ಆಚೆ ತಳ್ಳುತ್ತಾಳೆ. ನಾನು ಕೈಯಲ್ಲಿದ್ದ ಕೆಲಸ ಬಿಟ್ಟು ಹೋಗಿ, ಬಾಗಿಲ ಅಗಳಿಯನ್ನು ಎರಡು ಸಲ ಎಳೆದು ನೋಡುತ್ತೇನೆ.